ಹರಿಗೋಲಿನಲ್ಲಿ ಕೇಳಿದ ಒಂದು ‘ಲೇ’

ಸಂಡೂರಿನಿಂದ ಬೆಳಗಿನ ಬಸ್ಸು ಹಿಡಿದು ಹೊಸಪೇಟೆಯಲ್ಲಿ ಇಳಿದಾಗ ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ಹೆಣ್ಣುಮಕ್ಕಳಿಗೆ ಬಸ್ಸಿನ ಖರ್ಚಿಲ್ಲ. ದುಡ್ಡು ಬಿಚ್ಚಿದ್ದು ನಿಲ್ದಾಣದೆದುರಿನ ಮಂಡಕ್ಕಿ ಒಗ್ಗರಣೆ-ಮಿರ್ಚಿಗೆ ಮಾತ್ರ. ಅಲ್ಲೇ ಬಸಣ್ಣ ಸಾಹುಕಾರರು ಕಾಯುತ್ತಿದ್ದರು. ಕಂಪ್ಲಿಯಲ್ಲಿ ಅಕ್ಕಿ ಗಿರಣಿ ನಡೆಸಿ, ಒಂದು ಅವಧಿಗೆ ಶಾಸಕರೂ ಆಗಿದ್ದವರು. ಅವರ ಬದುಕನ್ನು ಬರೆದುಕೊಡಲು ಒಪ್ಪಿದ್ದೆ. “ಮನ್ಯಾಗ ಕುಂತ್ರ ನೆನಪು ಬರಂಗಿಲ್ಲ ತಂಗಿ. ಜಾಗಾ ತೋರಸ್ತೀನಿ ಬಾ” ಎಂದು ಕರೆಸಿದ್ದರು.

ಆಟೊದಲ್ಲಿ ಹಂಪಿಯ ಕಡೆ ಹೊರಟೆವು. ಕಮಲಾಪುರದಲ್ಲಿ ಚಹಾಕ್ಕೆ ನಿಂತರೆ, ಯಾರು ನಮಸ್ಕಾರ ಅಂದರೂ ಸಾಹುಕಾರರು ಲೋಟ ಕೆಳಗಿಟ್ಟು ಎದ್ದು ನಿಂತು ಕೈ ಮುಗಿಯುತ್ತಿದ್ದರು. ಚಹಾ ಆರಿಹೋಯಿತು.

“ಈಗ ಎಲೆಕ್ಷನ್ ಇಲ್ಲಲ್ರಿ?” ಎಂದೆ.

“ಕುಂತು ಕೈ ಮುಗಿದ್ರ ಸೊಕ್ಕು ಅಂತಾರವ್ವ. ಎಲೆಕ್ಷನ್ ಮುಗದೈತಿ ಅಂತ ಈ ಮೈಗೆ ಯಾರು ಹೇಳ್ಬೇಕು?”

ಹರೆಯದಲ್ಲಿ ಅವರು ಹೊಳೆಯಾಚೆಯ ಆನೆಗೊಂದಿ ಕಡೆಯಿಂದ ಹರಿಗೋಲಿನಲ್ಲಿ ಭತ್ತ ತರುತ್ತಿದ್ದರು. ವ್ಯಾಪಾರ ಶುರುವಾದದ್ದು ಹಾಗೆ. ಅದೇ ದಾರಿಯಲ್ಲಿ ನನ್ನನ್ನು ದಾಟಿಸಬೇಕೆಂಬುದು ಅವರ ಆಸೆ. ತಳವಾರಘಟ್ಟದಲ್ಲಿ ಅಂಬಿಗ ಹನುಮಂತಪ್ಪ ನೀರನ್ನೊಮ್ಮೆ ನೋಡಿ, “ಡ್ಯಾಮಿನ ನೀರು ಇಳದೈತ್ರಿ, ಆದ್ರ ಸೆಳವು ಭಾಳ ಐತಿ. ಯಾರೂ ಏಳಬ್ಯಾಡ್ರಿ” ಎಂದ. ನನಗೆ ಈಜು ಬಾರದು. ಅಂಚು ಗಟ್ಟಿಯಾಗಿ ಹಿಡಿದು ಕೂತೆ.

ನಡುಹೊಳೆಯಲ್ಲಿದ್ದೆವು. ಆಚೆ ದಂಡೆಯ ಬಂಡೆಯ ಮೇಲೆ ಬಟ್ಟೆ ಒಗೆಯುತ್ತಿದ್ದವನೊಬ್ಬ ಕೂಗಿದ: “ಸಾಹುಕಾರ್ರ, ಶರಣ್ರೀ!”

ಸಾಹುಕಾರರು ಎದ್ದು ನಿಂತರು. ಎರಡೂ ಕೈ ಮುಗಿದಿದ್ದವು, ಆಸರೆಗೆ ಒಂದೂ ಇರಲಿಲ್ಲ.

ಹರಿಗೋಲು ಬುಟ್ಟಿಯಂತೆ ಒಂದು ಮಗ್ಗುಲಿಗೆ ವಾಲಿತು. ತಣ್ಣನೆ ನೀರು ನನ್ನ ಮಡಿಲಿಗೇ ಬಂತು. ಬರೆಯುವ ಈ ಹೊತ್ತಿಗೂ ಆ ತಂಪು ತೊಡೆಗೆ ತಾಗುತ್ತದೆ.

“ಕುಂದ್ರಲೇ!”

ಹನುಮಂತಪ್ಪನ ಕೂಗು ಅದು. ಸಾಹುಕಾರರು ಬೈಸಿಕೊಂಡ ಹುಡುಗನಂತೆ ತಟ್ಟನೆ ಕುಸಿದು ಕೂತರು. ಹರಿಗೋಲು ಗರಗರ ತಿರುಗಿ ಬಂಡೆಯೊಂದರತ್ತ ಜಾರಿತು. ಅವನು ಹುಟ್ಟನ್ನು ಬಂಡೆಗೆ ಕೊಟ್ಟು ದೂಡಿದ. ಆಮೇಲೆ ನನಗೆ ಕಂಡದ್ದು ದಂಡೆಯ ಮರಳು.

ಮರಳಲ್ಲಿ ನಿಂತು ಅವನು ತಲೆ ತಗ್ಗಿಸಿದ. “ತಪ್ಪಾತ್ರಿ ಸಾಹುಕಾರ್ರ. ಬಾಯಿ ತಪ್ಪಿ ಬಂತು.”

“‘ದಯಮಾಡಿ ಕುಂದ್ರಿ’ ಅಂದಿದ್ರ, ಮುಗಿಸೋದ್ರಾಗ ಹೊಳಿ ಪಾಲಾಗ್ತಿದ್ವಿ” ಎಂದು ಸಾಹುಕಾರರು ಧೋತರದ ಚುಂಗು ಹಿಂಡಿದರು. “ಭತ್ತ ಹೇರ್ಕೊಂಡು ಹಾಯುವಾಗ ಒಮ್ಮೆನೂ ಎದ್ದಾವಲ್ಲ ನಾನು. ಶಾಸಕ ಆಗಿ ಕೆಟ್ಟೆ. ನಮ್ಮವ್ವ ಹೋದ ಮ್ಯಾಲೆ ನನಗ ಯಾರೂ ಲೇ ಅಂದಿದ್ದಿಲ್ಲಪ್ಪ. ಅದಕ್ಕ ಜಲ್ದಿ ಕೇಳಿಸ್ತು.”

ಹನುಮಂತಪ್ಪ ನಕ್ಕುಬಿಟ್ಟ. ನನಗೆ ಅಳು ಬಂತು. ಅವನ ಒದ್ದೆ ಕೈ ಹಿಡಿದುಕೊಂಡೆ.

ಮತ್ತೆ ನೀರಿಗಿಳಿಯಲಿಲ್ಲ. ಗಂಗಾವತಿಯ ಮೇಲೆ ಬಸ್ಸಿನಲ್ಲಿ ಸುತ್ತಿ, ಸೇತುವೆ ದಾಟಿ ಕಂಪ್ಲಿ ಸೇರಿದೆವು. ಸೇತುವೆಯ ಮೇಲೆ ನಾನು ಕಣ್ಣು ಮುಚ್ಚಿದ್ದೆ. ಗಿರಣಿಯ ಹಿಂದಿನ ಮನೆಯಲ್ಲಿ ಬಿಸಿ ಅನ್ನ, ಸಾರು. ಅಷ್ಟು ರುಚಿಯಾದ ಅನ್ನ ಅದಕ್ಕೂ ಮೊದಲು ಉಂಡಿರಲಿಲ್ಲ.

ಸಂಜೆ ಹೊಸಪೇಟೆಯ ಬಸ್ಸಿಗೆ ಹತ್ತಿಸಲು ಸಾಹುಕಾರರೇ ಬಂದರು. ಕಟ್ಟೆಯ ಮೇಲೆ ಕೂತಿದ್ದ ಅವರು ಬಸ್ಸು ಹೊರಟಾಗ ಎದ್ದು ಕೈ ಮುಗಿದರು. ಕಿಟಕಿಯ ಸರಳನ್ನು ನನ್ನ ಬೆರಳು ತಾನಾಗಿ ಬಿಗಿಹಿಡಿಯಿತು. ನೆಲ ವಾಲಲಿಲ್ಲ. ಆಮೇಲೆ ಸರಳು ಬಿಟ್ಟು ನಾನೂ ಎರಡೂ ಕೈ ಮುಗಿದೆ.