ಸೂರಿನ ಸಂದಿಯ ಲೋಟ

ಬರಗೂರಿನಲ್ಲಿ ಶಿರಾ ಬಸ್ಸು ಕಾಯುತ್ತಾ ಟೀ ಅಂಗಡಿಯಲ್ಲಿ ಕೂತಿದ್ದೆವು, ನಾನು ಮತ್ತು ಮೆಕ್ಸಿಕೊದ ಗೆಳತಿ ಲೂಸಿಯಾ. ಉರಿಬಿಸಿಲು, ರಸ್ತೆಯಲ್ಲಿ ನಾಯಿಯೂ ಇಲ್ಲ. ಸ್ಪೇನಿನವರು ಆಳುತ್ತಿದ್ದಾಗ ಅವಳ ನಾಡಿನಲ್ಲಿ ಹುಟ್ಟಿದ ಬೆರಕೆ ಕೂಸುಗಳಿಗೆ ರಕ್ತ ನೋಡಿ ಜಾತಿ ಹೆಸರಿಡುತ್ತಿದ್ದರಂತೆ. ಒಂದರ ಹೆಸರು ‘ಗಾಳಿಯಲ್ಲೇ ನಿಲ್ಲು’. ಹಾಗೆನ್ನುತ್ತಾ ಲೂಸಿಯಾ ನಕ್ಕಳು. ಅವಳ ಬಣ್ಣ ನಮ್ಮದೇ.

ಆಗ ಕಣ್ಣಿಗೆ ಬಿತ್ತು, ಹೊರಗೆ ಸೂರಿನ ಸಂದಿಯಲ್ಲಿ ಬೋರಲಾಗಿ ಸಿಕ್ಕಿಸಿದ್ದ ಒಂಟಿ ಗಾಜಿನ ಲೋಟ. ಅಂಗಡಿಯಲ್ಲಿ ಎಲ್ಲರಿಗೂ ಪೇಪರ್ ಕಪ್ಪು.

“ಅದ್ಯಾಕಮ್ಮ ಅಲ್ಲಿ?” ಎಂದು ಅಂಗಡಿಯಾಕೆಯನ್ನು ಕೇಳಿದೆ.

“ನಮ್ಮತ್ತೆ ಕಾಲದ್ದು ಕಣಮ್ಮ. ಒಳೀಕೆ ಬರಬಾರ್ದೋರ್ಗೆ ಅಂತ ಮಡಗಿದ್ದು. ಈಗ್ಯಾರು ಅಂಗೆಲ್ಲಾ ಮಾಡ್ತಾರೆ, ಬುಡಿ.”

ಆದರೆ ಲೋಟದ ಅಂಚಿನಿಂದ ನೀರು ತೊಟ್ಟಿಕ್ಕುತ್ತಿತ್ತು.

ಟೀ ಕುದಿಯಿತು. ಆಕೆ ಲೂಸಿಯಾಳನ್ನು ದಿಟ್ಟಿಸಿ, “ಇವ್ರು ಯಾವ್ ಜನ?” ಎಂದಳು.

ಲೂಸಿಯಾ ಹೇಳಿದ್ದನ್ನು ನಾನು ಹಾಗೆಯೇ ಕನ್ನಡದಲ್ಲಿ ಒಪ್ಪಿಸಿದೆ: “ಎಲ್ಲಾ ಬೆರೆತೋರಂತೆ. ಯಾವ ಜನ ಅಂತ ಅವಳಿಗೇ ಗೊತ್ತಿಲ್ಲ.”

ನನ್ನ ಮುಂದೆ ಪೇಪರ್ ಕಪ್ಪು ಬಂತು. ಎರಡನೆಯದಕ್ಕೆ ಚಾಚಿದ ಕೈ ನಡುವೆಯೇ ನಿಂತಿತು. ಆಕೆ ಮುಖದ ನಗು ಮಾಸದಂತೆಯೇ ಹೊರಗೆ ಹೋಗಿ ಬಂದಳು.

“ನೋಡು, ನನಗೆ ಮಾತ್ರ ಗಾಜಿನ ಲೋಟ!” ಎಂದು ಲೂಸಿಯಾ ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.