ದಾಸವಾಳದ ಕಾಯಿ

ಸಾಸ್ವೆಹಳ್ಳಿಯ ಪ್ರೌಢಶಾಲೆಯಲ್ಲಿ ನಾನು ವಿಜ್ಞಾನ ಕಲಿಸುತ್ತೇನೆ. ಹೂವಿನ ಭಾಗಗಳ ಪಾಠ ಬಂದಾಗಲೆಲ್ಲ ಹೊನ್ನಾಳಿಯ ನಮ್ಮ ಮನೆಯಿಂದ ನಾಲ್ಕು ದಾಸವಾಳ ಕಿತ್ತು, ಊಟದ ಡಬ್ಬಿಯ ಮೇಲಿಟ್ಟುಕೊಂಡು ಬಸ್ಸು ಹತ್ತುವುದು ರೂಢಿ. ಬ್ಲೇಡಿನಿಂದ ಹೂವನ್ನು ಉದ್ದಕ್ಕೆ ಸೀಳಿ, ತಳದ ಪುಟ್ಟ ಗಂಟನ್ನು ತೋರಿಸಿ, ಇದು ಅಂಡಾಶಯ, ಮುಂದೆ ಇದೇ ಕಾಯಿಯಾಗುತ್ತದೆ ಎಂದು ಹನ್ನೆರಡು ವರ್ಷ ಹೇಳಿದ್ದೆ. ಒಂದು ಸಲ ಎರಡನೇ ಬೆಂಚಿನ ಹುಡುಗಿ ಎದ್ದು ನಿಂತು ಕೇಳಿದಳು: "ಮಿಸ್, ದಾಸವಾಳದ ಕಾಯಿ ಹೆಂಗಿರ್ತೈತೆ? ನೀವು ನೋಡೀರಾ?"

ನೋಡಿರಲಿಲ್ಲ. ಹಾಗೆಂದೇ ಹೇಳಿದೆ.

ಮನೆಗೆ ಬಂದು ಅತ್ತೆಯನ್ನು ಕೇಳಿದರೆ ಅವರು ನಕ್ಕರು. "ದಾಸವಾಳಕ್ಕೆಲ್ಲಿ ಬೀಜ? ಕಡ್ಡಿ ಮುರಿದು ನೆಟ್ರೆ ಬರ್ತೈತೆ."

ಅಂಗಳದ ಗಿಡ ಅವರೇ ನೆಟ್ಟದ್ದು. ಕೆಂಪು, ಐದೆಸಳಿನದು. ಬೆಳಿಗ್ಗೆ ಸ್ನಾನ ಮುಗಿಸಿ ಬಂದು, ಅರಳಿದ್ದನ್ನೆಲ್ಲ ಲಿಂಗಪೂಜೆಗೆ ಕೀಳುತ್ತಿದ್ದರು. ಗಿಡದಲ್ಲಿ ಒಂದು ಹೂವೂ ಉಳಿಯದಿದ್ದರೆ ಕಾಯಿ ಎಲ್ಲಿಂದ ಬರಬೇಕು ಎಂಬುದು ನನಗೆ ಹೊಳೆಯಲು ಒಂದು ವಾರ ಹಿಡಿಯಿತು.

"ಅತ್ತೆ, ಒಂದೆರಡು ಹೂವು ಗಿಡದಾಗೇ ಬಿಡ್ರಿ" ಎಂದೆ.

"ಬಿಟ್ಟು?"

"ಕಾಯಿ ಆಗ್ತೈತಾ ನೋಡಾನ."

"ದೇವರಿಗೆ ಏರ್ಸೋ ಹೂವು ಗಿಡದಾಗೆ ಬಾಡಾಕೆ ಬಿಡಬೇಕಾ? ನನ್ನ ಕೈಲಾಗಲ್ಲವ್ವ."

ಮರುದಿನ ಒಂದು ಹೂವಿನ ತೊಟ್ಟಿಗೆ ಬಿಳಿ ದಾರ ಕಟ್ಟಿದೆ. ಅವರು ದಾರ ಬಿಚ್ಚಿ ಕಿಟಕಿಯಲ್ಲಿಟ್ಟು, ಹೂವು ಒಯ್ದರು.

ದೀಪಾವಳಿ ಕಳೆದ ಮೇಲೆ ಬಿಳಿಚೋಡಿನಲ್ಲಿರುವ ನನ್ನ ನಾದಿನಿ ಜಾರಿ ಬಿದ್ದು ಕಾಲು ಮುರಿದುಕೊಂಡಳು. ಅತ್ತೆ ಮಗಳ ಮನೆಗೆ ಹೋಗಿ ಎರಡು ತಿಂಗಳು ನಿಂತರು. ಇಲ್ಲಿ ಪೂಜೆ ನನ್ನ ಪಾಲಿಗೆ ಬಂತು. ನಾನು ಎರಡೇ ಹೂವು ಕಿತ್ತು ಉಳಿದದ್ದನ್ನು ಬಿಡುತ್ತಿದ್ದೆ. ಅವು ಸಂಜೆಗೆ ಮುದುಡಿ, ಒಂದೆರಡು ದಿನದಲ್ಲಿ ತೊಟ್ಟಿನ ಸಮೇತ ಉದುರಿದವು. ಆಮೇಲೆ ಪಕ್ಕದ ಮನೆಯಿಂದ ಬಿಳಿ ದಾಸವಾಳ ಕೇಳಿ ತಂದು, ಅದರ ಪರಾಗವನ್ನು ನಮ್ಮ ಹೂವಿನ ತುದಿಯ ಐದು ಕೆಂಪು ಚುಕ್ಕೆಗಳಿಗೆ ಒರೆಸತೊಡಗಿದೆ. ಹದಿನಾಲ್ಕು ಹೂವಿಗೆ ಹೀಗೆ ಮಾಡಿದೆ. ಮೂರು ನಿಂತವು.

ಅತ್ತೆ ವಾಪಸು ಬಂದಾಗ ಕಾಯಿಗಳು ಬೋರೆಹಣ್ಣಿನಷ್ಟಾಗಿದ್ದವು. "ಇದೇನು, ಗಿಡಕ್ಕೆ ರೋಗ ಬಂದೈತಾ?" ಎಂದರು.

"ಕಾಯಿ, ಅತ್ತೆ."

ಅವರು ಬಗ್ಗಿ, ಒಂದನ್ನು ಬೆರಳಿನಿಂದ ಮೆಲ್ಲಗೆ ಒತ್ತಿ ನೋಡಿದರು. "ಇಷ್ಟು ವರ್ಷ ಹೂವು ಕಿತ್ತೀನಿ. ಇದನ್ನ ನೋಡಿದ್ದಿಲ್ಲ" ಎಂದು ಒಳಗೆ ಹೋದರು. ಆ ಕೊಂಬೆಯ ಹೂವನ್ನು ಆಮೇಲೆ ಅವರು ಮುಟ್ಟಲಿಲ್ಲ. ಒಂದು ಮಧ್ಯಾಹ್ನ ಶಾಲೆಗೆ ಅವರ ಫೋನ್ ಬಂತು. "ಕಾಯಿ ಒಣಗಿ ಬಿರಿಯಾಕೆ ಹತ್ತೈತೆ. ಏನು ಮಾಡ್ಲಿ?" ಬೀಜ ಉದುರದಂಗೆ ಬಟ್ಟೆ ಕಟ್ರಿ ಎಂದೆ. ಸಂಜೆ ನೋಡಿದರೆ ಮೂರಕ್ಕೂ ಹಳೆ ಸೀರೆಯ ಚೂರು ಕಟ್ಟಿದ್ದರು.

ಮುಂದಿನ ವರ್ಷ ಹೂವಿನ ಪಾಠ ಬಂದಾಗ ಒಂದು ಕಾಯಿಯನ್ನು ತರಗತಿಯಲ್ಲಿ ತೋರಿಸಿದೆ. ಕೇಳಿದ ಹುಡುಗಿ ಅಷ್ಟರಲ್ಲಿ ನ್ಯಾಮತಿಯ ಕಾಲೇಜಿಗೆ ಸೇರಿಯಾಗಿತ್ತು.

ಒಟ್ಟು ಇಪ್ಪತ್ತೆರಡು ಬೀಜ ಸಿಕ್ಕವು. ಕಂದು ಬಣ್ಣ, ಮೈಮೇಲೆ ಸಣ್ಣ ರೋಮ. ಸಿಪ್ಪೆ ಗಟ್ಟಿ. ಉಗುರು ಕತ್ತರಿಸುವ ಕಟ್ಟರಿನಿಂದ ಅಂಚನ್ನು ಚೂರು ಕಿತ್ತು, ಒಂದು ದಿನ ಉಗುರುಬೆಚ್ಚಗಿನ ನೀರಲ್ಲಿ ನೆನೆಸಿ, ಮರಳು ಗೊಬ್ಬರ ತುಂಬಿದ ಪ್ಲಾಸ್ಟಿಕ್ ಕಪ್ಪುಗಳಲ್ಲಿ ಊರಿದೆ. ಒಂಬತ್ತು ಮೊಳೆತವು. ನಾನು ಬೆಳಿಗ್ಗೆ ನೀರು ಹಾಕಿ ಹೋದರೆ, ಅತ್ತೆ ಮಧ್ಯಾಹ್ನ ಮತ್ತೆ ಹಾಕುತ್ತಿದ್ದರಂತೆ. ಐದು ಕೊಳೆತವು.

"ಕೈ ಹಚ್ಚಬ್ಯಾಡ್ರಿ ಅಂದಿದ್ನಲ್ಲ" ಎಂದು ಗದರಿಬಿಟ್ಟೆ. ಅವರು ಹದಿನೈದು ದಿನ ಕಪ್ಪುಗಳ ಹತ್ತಿರವೂ ಸುಳಿಯಲಿಲ್ಲ. ನನಗೆ ಚನ್ನಗಿರಿಯಲ್ಲಿ ಮೂರು ದಿನದ ತರಬೇತಿ ಬಂದಾಗ ನಾನೇ ಹೋಗಿ ಕೇಳಬೇಕಾಯಿತು.

"ಎಷ್ಟು ಹಾಕ್ಲಿ?" ಎಂದರು.

"ಒಂದೊಂದಕ್ಕೆ ಎರಡು ಚಮಚ."

ವಾಪಸು ಬಂದಾಗ ನಾಲ್ಕೂ ನೆಟ್ಟಗಿದ್ದವು. ಚಮಚ ಕಪ್ಪಿನ ಪಕ್ಕದಲ್ಲೇ ಇತ್ತು.

ಎರಡನೆಯ ಮಳೆಗಾಲ ಮುಗಿದ ಮೇಲೆ, ಕುಂಡಗಳಿಗೆ ಬದಲಿಸಿದ್ದ ನಾಲ್ಕರಲ್ಲಿ ಒಂದು ಗಿಡ ಹೂ ಬಿಟ್ಟಿತು. ಮಾಸಲು ಗುಲಾಬಿ, ಅಂಚು ಬಿಳಿ. ಅತ್ತೆ ತುಂಬ ಹೊತ್ತು ನೋಡಿದರು. "ನಮ್ಮದರಂಗೂ ಇಲ್ಲ, ಅವರದರಂಗೂ ಇಲ್ಲ" ಎಂದರು. ಆಮೇಲೆ, "ಪೂಜೆಗೆ ನಡೀತೈತಾ?"

ಪೂಜೆಯ ವಿಷಯ ಅವರು ನನ್ನನ್ನು ಕೇಳಿದ್ದು ಅದೇ ಮೊದಲು. "ನೀವೇ ಹೇಳ್ಬೇಕು" ಎಂದೆ. ಅವರು ಹೂವು ಕಿತ್ತುಕೊಂಡು ಒಳಗೆ ಹೋದರು. ನನಗೆ ಆ ಹೂವಿನ ಫೋಟೊ ತೆಗೆಯಬೇಕಿತ್ತು ಎಂದು ನೆನಪಾಗಿದ್ದು ಬಸ್ಸಿನಲ್ಲಿ.

ಉಳಿದ ಮೂರರಲ್ಲಿ ಒಂದಕ್ಕೆ ಬಿಳಿ ಹಿಟ್ಟಿನಂಥ ಹುಳ ಹತ್ತಿ ಕಿತ್ತೆಸೆಯಬೇಕಾಯಿತು. ಇನ್ನೊಂದು ಕೆಂಪು ಹೂವನ್ನೇ ಬಿಟ್ಟಿದೆ, ಗಾತ್ರ ಸ್ವಲ್ಪ ಚಿಕ್ಕದು. ಕೊನೆಯದು ಸೊಂಟದೆತ್ತರ ಬೆಳೆದರೂ ಮೊಗ್ಗುಗಳು ಅರಳದೆ ಉದುರುತ್ತಿವೆ. ಕುಂಡ ಸಾಲುತ್ತಿಲ್ಲ ಎನ್ನುವುದು ಅತ್ತೆಯ ಅಭಿಪ್ರಾಯ. ಭಾನುವಾರ ಅದನ್ನು ನೆಲಕ್ಕೆ ಇಳಿಸುತ್ತೇವೆ.