ಒನ್ಸ್ ಮೋರ್ ಬೇಡವೆಂದ ನಾಟಕ

ಮೂರು ವರ್ಷದ ಹಿಂದಿನ ಮಾತು. ಆಗ ನಾನು ನಾಸಿಕದ ಒಂದು ಮರಾಠಿ ಸಂಗೀತ ನಾಟಕ ಮಂಡಳಿಯ ಮುಖ್ಯ ಗಾಯಕ ನಟಿ. ಬೀದರದ ಮನೆತನ, ಬೆಳೆದದ್ದು ನಾಸಿಕದಲ್ಲಿ. ಮನೆಯಲ್ಲಿ ಕನ್ನಡ, ರಂಗದ ಮೇಲೆ ಮರಾಠಿ. ಸಂಗೀತ ನಾಟಕದಲ್ಲಿ ಹಿನ್ನೆಲೆ ಗಾಯನ ಇರುವುದಿಲ್ಲ, ನಟಿಸುವವರೇ ಹಾಡಬೇಕು. ಹಾಡು ಹಿಡಿಸಿದರೆ ಜನ 'ಒನ್ಸ್ ಮೋರ್' ಎಂದು ಕೂಗುತ್ತಾರೆ, ನಾವು ಮತ್ತೆ ಮೊದಲಿನಿಂದ ಹಾಡುತ್ತೇವೆ. ಸಾಯುವ ದೃಶ್ಯದಲ್ಲೂ ಎದ್ದು ಕೂತು ಹಾಡಿ, ಮತ್ತೆ ಸತ್ತಿದ್ದೇನೆ.

ಆ ವರ್ಷ ನಮ್ಮ ನಾಟಕವನ್ನು ಚಿತ್ರೀಕರಿಸಿ ಮೊಬೈಲಿನಲ್ಲಿ ನೋಡುವವರಿಗೆ ಕೊಡುವುದೆಂದು ತೀರ್ಮಾನವಾಯಿತು. ಚಿತ್ರೀಕರಣದ ನಿರ್ದೇಶಕ ಅಮೇಯ, ನನ್ನ ಮಗನ ವಯಸ್ಸಿನವನು. ನಾಸಿಕದ ಖಾಲಿ ಸಭಾಂಗಣದಲ್ಲಿ ನನ್ನ ಹೆರಳಿನೊಳಗೆ ಮೈಕ್ ಬಚ್ಚಿಟ್ಟು ಒಂದು ಟೆಸ್ಟ್ ರೆಕಾರ್ಡಿಂಗ್ ಮಾಡಿದ. ಎಂದಿನಂತೆ ಗಂಟಲು ಬಿಟ್ಟು ಹಾಡಿದೆ. ಮೈಕ್ ಅಷ್ಟು ಹತ್ತಿರವಿದ್ದುದರಿಂದ ರೆಕಾರ್ಡಿಂಗಿನಲ್ಲಿ ದನಿ ಒಡೆದು ತಗಡು ಬಡಿದ ಹಾಗೆ ಕೇಳಿತು, ನನಗೇ ನಾಚಿಕೆಯಾಯಿತು. ಸಂಭಾಜಿನಗರದಲ್ಲಿ ಪ್ರೇಕ್ಷಕರ ಎದುರು ನಡೆಯುವ ನಿಜವಾದ ಚಿತ್ರೀಕರಣದಲ್ಲೂ ಹೀಗೇ ಆದರೆ ಬೇರೆ ಹುಡುಗಿಯಿಂದ ಹಾಡಿಸಿ ನನ್ನ ತುಟಿಗೆ ಹೊಂದಿಸುವುದಾಗಿ ಅಮೇಯ ಹೇಳಿದ. ಮೆತ್ತಗೇ ಹೇಳಿದ, ಆದರೆ ಹೇಳಿಯೇಬಿಟ್ಟ. ನನ್ನ ಮುಖ, ಇನ್ನೊಬ್ಬಳ ದನಿ! ಅವತ್ತಿನಿಂದ ಊಟ ಸೇರಲಿಲ್ಲ.

ದನಿ ಇಳಿಸಿ ಹಾಡುವುದನ್ನು ಕಲಿತೆ. ಸಂಭಾಜಿನಗರಕ್ಕೆ ಹೋಗುವಾಗ ವೈಜಾಪುರದಲ್ಲಿ ಎಲ್ಲರೂ ಚಹಾಕ್ಕೆ ಕೂತರೆ, ನಾನು ಗುನುಗುತ್ತ ನಮ್ಮ ಗಾಡಿಯ ಸುತ್ತ ತಿರುಗುತ್ತಿದ್ದೆ. ನಮ್ಮ ಹಾರ್ಮೋನಿಯಂನ ಶರಣಪ್ಪ ಕಲಬುರಗಿಯವರು. "ಗಾಡಿಗಿ ಪ್ರದಕ್ಷಿಣಿ ಹಾಕ್ಲತ್ತೀರೇನ್ರಿ ಅಕ್ಕೋರೆ?" ಎಂದು ಕಾಲೆಳೆದರು. ನನಗೆ ನಗು ಬರಲಿಲ್ಲ.

ಪರದೆ ಏಳುವ ಮೊದಲು ಮೈಕಿನಲ್ಲಿ ಪ್ರಕಟಣೆಯಾಯಿತು: ಚಿತ್ರೀಕರಣ ನಡೆಯುತ್ತಿದೆ, ದಯವಿಟ್ಟು ಯಾರೂ ಒನ್ಸ್ ಮೋರ್ ಕೂಗಬಾರದು. ಸಭೆ ಗೊಣಗಿತು. ನನ್ನ ದೊಡ್ಡ ಹಾಡು ಬಂದಾಗ, ಕಲಿತ ಹಾಗೆ ಮೆಲ್ಲಗೆ, ಅಳೆದು ತೂಗಿ ಹಾಡಿದೆ. ಒಂದು ಸ್ವರವೂ ತಪ್ಪಲಿಲ್ಲ. ಆದರೆ ಹೆರಳಿನ ಮೈಕ್ ರೆಕಾರ್ಡಿಂಗಿಗೆ ಮಾತ್ರ, ಸಭೆಗೆ ನನ್ನ ಗಂಟಲೇ ಗತಿ. ಮುಂದಿನ ಸಾಲಿನಲ್ಲಿ ನಾಲ್ಕು ಚಪ್ಪಾಳೆ, ಹಿಂದೆ ಕೆಮ್ಮು.

ಆಗ ಕಟ್ಟಕಡೆಯ ಸಾಲಿನಿಂದ ನನ್ನ ದೊಡ್ಡವ್ವ ಎದ್ದು ನಿಂತಳು. ಅದೇ ಊರಿನ ಹೊರಗಿರುವ ಶೇಂದ್ರಾದ ಕಾರ್ಖಾನೆಯಲ್ಲಿ ದುಡಿಯುವ ಮಗನ ಜೊತೆ ಇರುವವಳು. ಪ್ರಕಟಣೆ ಅವಳಿಗೆ ತಿಳಿದಿರಲಿಲ್ಲವೆಂದಲ್ಲ, ಅದನ್ನು ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ.

"ನೀಲಾ, ಹಿಂದ ಏನೂ ಕೇಳಸಲಿಲ್ಲವ್ವಾ. ಇನ್ನೊಮ್ಮೆ ಹಾಡು."

ತುಂಬಿದ ಮರಾಠಿ ಸಭೆಯಲ್ಲಿ, ಕನ್ನಡದಲ್ಲಿ! ಜನ ನಕ್ಕರು. ಮೊದಲು ಒಬ್ಬ ಒನ್ಸ್ ಮೋರ್ ಎಂದ, ಆಮೇಲೆ ಇಡೀ ಸಭೆ ಹಿಡಿದುಕೊಂಡಿತು. ಪಕ್ಕದ ಪರದೆಯ ಮರೆಯಲ್ಲಿ ಅಮೇಯ ಎರಡೂ ಕೈ ಆಡಿಸಿ ಬೇಡ ಬೇಡ ಎನ್ನುತ್ತಿದ್ದ. ಶರಣಪ್ಪ ಅವನತ್ತ ನೋಡಲೇ ಇಲ್ಲ, ನನ್ನ ಮುಖ ನೋಡಿ ಸ್ವರ ಹಿಡಿದರು.

ನನಗೆ ಸಿಟ್ಟು ಬಂದಿತ್ತು. ಇಷ್ಟು ವರ್ಷ ಕೊನೆಯ ಸಾಲಿಗೆ ಹಾಡಿದವಳು ಈಗ ನನ್ನ ಹೆರಳಿಗೆ ಹಾಡುತ್ತಿದ್ದೆ. ದನಿ ಹೋದರೆ ಹೋಗಲಿ ಎಂದು ದೊಡ್ಡವ್ವನ ಮುಖಕ್ಕೇ ಗುರಿಯಿಟ್ಟು ಹಾಡಿದೆ.

ಮುಂದಿನ ಎರಡು ವಾರ ಫೋನು ಸದ್ದಾದರೆ ಸಾಕು, ಅಮೇಯನೇ ಇರಬೇಕೆಂದು ಓಡುತ್ತಿದ್ದೆ. ಕೊನೆಗೆ ಅಮೇಯ ಕರೆಸಿ ಕೇಳಿಸಿದ. ಹೆರಳಿನ ಮೈಕಿನಲ್ಲಿ ದನಿ ಮತ್ತೆ ಒಡೆದಿತ್ತಂತೆ. ಆದರೆ ಜನರ ಚಪ್ಪಾಳೆ ಹಿಡಿಯಲೆಂದು ಸಭಾಂಗಣದ ಹಿಂದೆ ಇಟ್ಟಿದ್ದ ಮೈಕಿನಲ್ಲಿ ಹಾಡು ಪೂರ್ತಿಯಾಗಿ, ದುಂಡಗೆ ಬಂದಿತ್ತು. ಅದನ್ನೇ ಇಟ್ಟುಕೊಂಡಿದ್ದ. ದೊಡ್ಡವ್ವನ ಕೂಗನ್ನು ಕತ್ತರಿಸಲೇ ಎಂದು ಕೇಳಿದ. ಕೈ ಹಚ್ಚಬೇಡ ಎಂದೆ.

ಆಮೇಲೆ ಇನ್ನೂ ಕೆಲವು ನಾಟಕಗಳು ಹೀಗೆಯೇ ಚಿತ್ರೀಕರಣಗೊಂಡವು. ಖಾಲಿ ಸಭಾಂಗಣವಾದರೂ ಕೊನೆಯ ಸಾಲಿನಲ್ಲಿ ಯಾರಾದರೊಬ್ಬರು ಕೂರದ ಹೊರತು ನಾನು ಹಾಡುವುದಿಲ್ಲ. ಕ್ಯಾಮೆರಾ ಬೇಕಾದರೆ ನನ್ನ ಮೂಗಿನ ತನಕ ಬರುತ್ತದೆ. ಕೊನೆಯ ಸಾಲಿಗೆ ನಾನೇ ಹೋಗಬೇಕು.

ದೊಡ್ಡವ್ವನಿಗೆ ಮೊಬೈಲಿನಲ್ಲಿ ತೋರಿಸಿದೆ. ಹಾಡು ಮುಗಿಯುವವರೆಗೂ ಕೇಳಿ, ಕಣ್ಣೊರೆಸಿಕೊಂಡು, "ಹಾಂ, ಈಗ ಕೇಳಸ್ತು" ಎಂದಳು.